ಮೊದಲ ಸಾಲಿನಲ್ಲಿ ಕೂತ ಸಮುದಾಯ

ನಿಧಾನಪ್ಪನಿಗೆ ನಗುವೇ ಬರುವುದಿಲ್ಲ ಎಂದು ಯಾರಾದರೂ ಹೇಳಿದರೆ ಅದು ಶುದ್ಧ ಸುಳ್ಳು. ಬರುತ್ತದೆ, ಖಂಡಿತ ಬರುತ್ತದೆ. ಆದರೆ ದಾರಿಯಲ್ಲಿ ಅಲ್ಲಲ್ಲಿ ನಿಂತು, ಕಂಡಕಂಡವರನ್ನೆಲ್ಲ ಮಾತಾಡಿಸಿಕೊಂಡು ಸಾವಕಾಶವಾಗಿ ಬರುತ್ತದೆ. ಭಾನುವಾರ ಭಾವಮೈದ ಹೇಳಿದ ಜೋಕಿಗೆ ಅವನು ಸೋಮವಾರ ಯಾರದೋ ಮನೆಯ ವಾಷಿಂಗ್ ಮಷೀನಿನೊಳಗೆ ತಲೆ ತೂರಿಸಿ ರಿಪೇರಿ ಮಾಡುತ್ತಿದ್ದಾಗ ಹೋ ಎಂದು ನಕ್ಕುಬಿಟ್ಟಿದ್ದ. ಆ ಮನೆಯೊಡತಿ ಮಷೀನಿಗೆ ಏನೋ ಮೆಟ್ಟಿಕೊಂಡಿದೆ ಎಂದು ಹೆದರಿ ಬೀದಿಗೆ ಓಡಿದ್ದಳು. ಅಪ್ಪ ಅಮ್ಮ ಇಟ್ಟ ಹೆಸರು ಬೇರೆ ಏನೋ ಇತ್ತು. ಅದು ಈಗ ಅವನಿಗೂ ಥಟ್ಟನೆ ನೆನಪಾಗುವುದಿಲ್ಲ.

ನಿಧಾನಪ್ಪ ಬೆಟ್ಟದ ಜನ. ಅಂದರೆ ಉಳಿದವರೆಲ್ಲ ಬರುವ ಮೊದಲೇ ಈ ನೆಲದಲ್ಲಿ ಇದ್ದವರು. ಇದನ್ನು ಸರ್ಕಾರವೂ ಒಪ್ಪಿಕೊಂಡಿದೆ. ಒಪ್ಪಿಕೊಂಡ ಮೇಲೆ ಅದು ತನ್ನ ಬೇರೆ ಕೆಲಸ ನೋಡಿಕೊಳ್ಳಲು ಹೋಯಿತು. ಟಿವಿಯಲ್ಲಿ ಬೆಟ್ಟದ ಜನ ಕಾಣಿಸುತ್ತಿದ್ದದ್ದು ಎರಡೇ ಬಗೆಯಲ್ಲಿ. ಈಟಿ ಹಿಡಿದು ಹೋ ಹೋ ಎಂದು ಕುಣಿಯುವವರು ಒಂದು ಬಗೆ. ಮರದ ಕೆಳಗೆ ಕೂತು ನಾಯಕನಿಗೆ ಬುದ್ಧಿ ಹೇಳಿ ಕಣ್ಮರೆಯಾಗುವ ಮುದುಕರು ಇನ್ನೊಂದು ಬಗೆ. ಬಸ್ಸಿಗೆ ಕಾಯುವವರಾಗಲಿ, ಹಲ್ಲುನೋವಿನವರಾಗಲಿ, ಹೆಂಡತಿ ಕೈಲಿ ಬೈಸಿಕೊಳ್ಳುವವರಾಗಲಿ ಆ ಜನರಲ್ಲಿ ಹುಟ್ಟಿಯೇ ಇಲ್ಲವೇನೋ ಅನ್ನುವ ಹಾಗಿತ್ತು.

ಇದನ್ನೇ ಹಿಡಿದುಕೊಂಡು ನಿಧಾನಪ್ಪನ ಮಗಳು ಒಂದು ಹಾಸ್ಯ ಧಾರಾವಾಹಿ ಬರೆದಿದ್ದಳು. ಬರೆದವಳೂ ಅವಳೇ, ಮುಖ್ಯ ಪಾತ್ರವೂ ಅವಳದ್ದೇ. ಸಿನಿಮಾದವರೂ ಟಿವಿಯವರೂ ತನ್ನ ಜನರನ್ನು ಹೇಗೆಲ್ಲ ತೋರಿಸಿದ್ದಾರೋ ಅದನ್ನು ಅವರದೇ ಸ್ಟುಡಿಯೋದಲ್ಲಿ ನಿಂತು ಗೇಲಿ ಮಾಡುವುದು ಅವಳ ಉದ್ದೇಶ. ವರ್ಷಗಟ್ಟಲೆ ಬಾಗಿಲು ತಟ್ಟಿದ ಮೇಲೆ ಒಂದು ಚಾನೆಲ್ಲಿನವರು ಅರ್ಧ ಬಾಗಿಲು ತೆರೆದಿದ್ದರು. ಒಂದು ಕಂತನ್ನು ಜನರ ಎದುರಿಗೇ ಆಡಿಸಿ ಚಿತ್ರೀಕರಿಸೋಣ, ಜನ ನಕ್ಕರೆ ಮುಂದುವರಿಸೋಣ, ನಗದಿದ್ದರೆ ನಿಮಗೊಂದು ನಮಸ್ಕಾರ ಎಂದು ಹೇಳಿದ್ದರು.

ಆ ದಿನ ನಿಧಾನಪ್ಪ ಕೋಟು ಹಾಕಿಕೊಂಡು ಬೀದಿಗಿಳಿದಾಗ ಎದುರುಮನೆಯ ನಿವೃತ್ತ ಹೆಡ್‌ಮಾಸ್ಟರು ಗೇಟಿಗೆ ಒರಗಿ ನಿಂತಿದ್ದರು.

"ಏನಯ್ಯಾ, ಕೋಟು ಗೀಟು ಜೋರಾಗಿದೆ?"

"ಟಿವಿ ಸ್ಟುಡಿಯೋಗೆ ಹೊರಟಿದ್ದೀನಿ ಸರ್."

"ಓಹೋ. ಅಲ್ಲೂ ವಾಷಿಂಗ್ ಮಷೀನ್ ಕೆಟ್ಟಿದೆಯಾ?"

ನಿಧಾನಪ್ಪನಿಗೆ ಚುರುಕ್ಕೆಂದಿತು. "ಇಲ್ಲ ಸರ್. ನಾನು ಹೋಗದಿದ್ರೆ ಅಲ್ಲಿ ಕಾರ್ಯಕ್ರಮಾನೇ ನಡೆಯಲ್ವಂತೆ," ಎಂದುಬಿಟ್ಟ. ಹೆಡ್‌ಮಾಸ್ಟರು ಕನ್ನಡಕ ತೆಗೆದು, ಒರೆಸಿ, ಮತ್ತೆ ಹಾಕಿಕೊಂಡು ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. ಮನುಷ್ಯ ಬಾಯಿಗೆ ಬಂದದ್ದನ್ನು ಹೇಳುವಾಗ ಕೊಂಚ ಹುಷಾರಾಗಿರಬೇಕು. ಕೆಲವು ಸುಳ್ಳುಗಳಿಗೆ ನಿಜವಾಗಿಬಿಡುವ ಕೆಟ್ಟ ಚಟ ಇರುತ್ತದೆ.

ಹೆಂಡತಿಗೆ ಆಸ್ಪತ್ರೆಯ ಲಾಂಡ್ರಿಯಲ್ಲಿ ಪಾಳಿಯಿತ್ತು, ಬರುವಂತಿರಲಿಲ್ಲ. ಬಸ್ ನಿಲ್ದಾಣದವರೆಗೆ ಜೊತೆಗೆ ಬಂದು ಉಪದೇಶ ಮಾಡಿದ್ದಳು. "ನೋಡಿ, ಬಾಯಿ ತೆರ್ಕೊಂಡು ಕೂತ್ಕೋಬೇಡಿ. ಹಲ್ಲು ಕಾಣಿಸಬೇಡಿ. ನಾಲ್ಕು ಜನ ನಿಮ್ಮನ್ನ ನೋಡಿ ಬೆಟ್ಟದವರು ಹೀಗಾ ಅಂದ್ಕೋಬಾರದು. ಗಂಭೀರವಾಗಿರಿ, ತಿಳೀತಾ?" ಮಗಳೂ ಒಂದು ಮಾತು ಹೇಳಿದ್ದಳು. "ನೀನು ನನ್ನಪ್ಪ ಅಂತ ಅಲ್ಲಿ ಯಾರಿಗೂ ಹೇಳ್ಬೇಡ. ಚಪ್ಪಾಳೆ ಹೊಡೆಯೋಕೆ ಮನೆಯವರನ್ನೇ ಕರ್ಕೊಂಡು ಬಂದಿದ್ದಾಳೆ ಅಂತಾರೆ." ಇಬ್ಬರ ಮಾತನ್ನೂ ನಿಧಾನಪ್ಪ ಗಂಟು ಹಾಕಿಕೊಂಡ. ಅವನು ಮನೆಯವರ ಮಾತನ್ನು ಮೀರಿದ ಉದಾಹರಣೆ ಇಲ್ಲ.

ಸ್ಟುಡಿಯೋ ಹೊಕ್ಕವನು ನಿಂತಲ್ಲೇ ನಿಂತ. ಅಬ್ಬಬ್ಬಾ! ಮೇಲೆ ಛಾವಣಿಯೇ ಕಾಣದಷ್ಟು ದೀಪಗಳು. ಎದುರಿಗೆ ಒಂದು ಮನೆ, ಅದಕ್ಕೆ ಮೂರೇ ಗೋಡೆ. ಬಾಗಿಲು ತೆರೆದರೆ ಆಚೆಗೆ ಏನೂ ಇಲ್ಲ, ಒಬ್ಬ ಬಡಗಿ ಕೂತು ಟೀ ಕುಡಿಯುತ್ತಿದ್ದ. ಪಕ್ಕದಲ್ಲಿ ಇಬ್ಬರು ಒಂದು ದೊಡ್ಡ ಮರವನ್ನು ಚಕ್ರದ ಮೇಲೆ ದೂಡಿಕೊಂಡು ಹೋದರು. ನಿಧಾನಪ್ಪ ಒಂದು ಬಂಡೆಗೆ ಕೈಯಿಟ್ಟ, ಬಂಡೆ ಹಿಂದಕ್ಕೆ ಸರಿಯಿತು. ಥರ್ಮಾಕೋಲು! ಇಷ್ಟೆಲ್ಲ ನನ್ನ ಮಗಳು ಬರೆದ ಮಾತಿಗಾಗಿ ಎದ್ದು ನಿಂತಿದೆಯೇ ಎಂದು ಅವನ ಮೈ ಜುಮ್ಮೆಂದಿತು. ಚಿಕ್ಕವಳಿದ್ದಾಗ ಗೋಡೆಯ ಮೇಲೆ ಗೀಚಿದಳೆಂದು ಇವಳಿಗೆ ಬೈದಿದ್ದೆನಲ್ಲ ಎಂದು ಕೊಂಚ ನಾಚಿಕೆಯೂ ಆಯಿತು.

ಕಿವಿಗೆ ಹೆಡ್‌ಫೋನ್ ಸಿಕ್ಕಿಸಿಕೊಂಡ ಫ್ಲೋರ್ ಮ್ಯಾನೇಜರ್ ಅವನ ಹತ್ತಿರ ಬಂದು, ಕಾಯಿಲೆಯ ಹೆಸರು ಕೇಳುವವರ ಹಾಗೆ ದನಿ ತಗ್ಗಿಸಿದ. "ಸರ್, ತಪ್ಪು ತಿಳೀಬೇಡಿ... ನೀವು ಬೆಟ್ಟದವರಾ?"

"ಹೌದಪ್ಪಾ."

"ಪೂರ್ತಿ?"

ನಿಧಾನಪ್ಪ ತನ್ನ ಕೈಕಾಲು ನೋಡಿಕೊಂಡು, "ಪೂರ್ತಿನೇ ಇರ್ಬೇಕು," ಎಂದ.

ಮ್ಯಾನೇಜರ್ ಮೈಕಿನೊಳಗೆ ಪಿಸುಗುಟ್ಟಿದ. "ಒಬ್ಬರು ಸಿಕ್ಕಿದ್ರು. ಅಸಲಿ."

ವಿಷಯ ಏನೆಂದರೆ, ಮಗಳು ಬೆಟ್ಟದಿಂದ ಬಂಧುಬಳಗದವರನ್ನೆಲ್ಲ ಕರೆಸಿದ್ದಳು. ಅವರ ಬಸ್ಸು ದಾರಿಯಲ್ಲಿ ಕೆಟ್ಟು ನಿಂತಿತ್ತು. ಹಾಲ್ ತುಂಬ ಪಟ್ಟಣದ ಸಭ್ಯ ಜನ. ಬೆಟ್ಟದವರ ವಿಷಯಕ್ಕೆ ನಗಬಹುದೇ ಬಾರದೇ, ನಕ್ಕರೆ ಯಾರಾದರೂ ಏನಾದರೂ ಅಂದುಕೊಂಡಾರೇ ಎಂದು ಅವರೆಲ್ಲ ಬರುವಾಗಲೇ ಬೆವರುತ್ತಿದ್ದರು. ಚಾನೆಲ್ಲಿನವರಿಗಂತೂ ಕೈಕಾಲೇ ಆಡುತ್ತಿರಲಿಲ್ಲ. ಹೀಗಾಗಿ ನಿಧಾನಪ್ಪನನ್ನು ಮದುಮಗನನ್ನು ಕರೆದೊಯ್ಯುವಂತೆ ಕರೆದೊಯ್ದು ಮೊದಲ ಸಾಲಿನ ನಟ್ಟನಡುವೆ ಕೂರಿಸಿದರು. ಮರ್ಯಾದೆಗೆಂದು ಸೆಟ್ಟಿನಿಂದ ಒಂದು ಕುರ್ಚಿಯನ್ನೇ ತಂದು ಹಾಕಿದ್ದರು. ನೋಡಲು ಸಿಂಹಾಸನ, ಒಳಗೆಲ್ಲ ಪ್ಲೈವುಡ್ಡು. ಅದರ ನಡುಮಧ್ಯೆ ಒಂದು ಮೊಳೆ ತಲೆಯೆತ್ತಿತ್ತು. ಒಂದು ಕ್ಯಾಮೆರಾ ಅವನ ಮುಖಕ್ಕೇ ಗುರಿಯಿಟ್ಟು ನಿಂತಿತು. ವೇದಿಕೆಯ ಎರಡೂ ಪಕ್ಕದ ದೊಡ್ಡ ಪರದೆಗಳಲ್ಲಿ ನಿಧಾನಪ್ಪನ ಮುಖ ಬಾಗಿಲಿನಷ್ಟು ಎತ್ತರಕ್ಕೆ ಮೂಡಿತು. ಅವನು ಬೆಚ್ಚಿ, ಹೆಂಡತಿಯ ಮಾತು ನೆನೆದು, ತುಟಿ ಬಿಗಿ ಹಿಡಿದ.

ಆಟ ಶುರುವಾಯಿತು. ಮಗಳು ಮೂರನೇ ಮಹಡಿಯ ಮನೆಯೊಂದರ ಬೆಟ್ಟದ ಹೆಂಗಸು. ಅವಳ ಬದುಕನ್ನು ಚಿತ್ರೀಕರಿಸಲು ಟಿವಿಯವನೊಬ್ಬ ಬಂದಿದ್ದಾನೆ.

"ನಿಮ್ಮ ಕಾಡು ಎಲ್ಲಿದೆ?"

"ಕಾಡು ಇಲ್ಲ ಸರ್. ಬಾಲ್ಕನಿಯಲ್ಲಿ ಒಂದು ಕೊತ್ತಂಬರಿ ಕುಂಡ ಇದೆ."

"ಸಾಕು! ಅದರ ಹಿಂದೆ ಅಡಗಿ ಕೂತು ನಮ್ಮನ್ನ ಇಣುಕಿ ನೋಡಿ!"

ಮಗಳು ಗಂಭೀರವಾಗಿ ಹೋಗಿ ಅಂಗೈಯಷ್ಟು ಕೊತ್ತಂಬರಿಯ ಹಿಂದೆ ಇಡೀ ದೇಹ ಮುದುಡಿ ಅಡಗಿದಳು. ಹಾಲ್‌ನಲ್ಲಿ ನೂರಾರು ಬಾಯಿ ತೆರೆಯಲು ಸಿದ್ಧವಾದವು. ತೆರೆಯುವ ಮುಂಚೆ ಎಲ್ಲರೂ ಒಮ್ಮೆ ಪರದೆಯತ್ತ ಕತ್ತು ತಿರುಗಿಸಿದರು. ಅಲ್ಲಿ ನಿಧಾನಪ್ಪನ ಮುಖ ಕೋರ್ಟಿನ ಜಡ್ಜಿನ ಮುಖದಂತೆ ಬಿಗಿದಿತ್ತು. ಬಾಯಿಗಳೆಲ್ಲ ತೆಪ್ಪಗೆ ಮುಚ್ಚಿಕೊಂಡವು. ನಿಧಾನಪ್ಪ ಮಾತ್ರ, ಬಾಲ್ಕನಿಯ ನೆರಳಿನಲ್ಲಿ ಕೊತ್ತಂಬರಿ ಚಿಗುರುವುದೇ ಎಂದು ಯೋಚಿಸುತ್ತಿದ್ದ. ಯೋಚಿಸುತ್ತ ಮೊಳೆಯಿಂದ ಒಂಚೂರು ಎಡಕ್ಕೆ ಸರಿದ.

ಹಿಂದಿನ ಸಾಲಿನಲ್ಲಿ ಚಾನೆಲ್ಲಿನ ಮೇಡಂ ಮತ್ತು ಅವರ ವಕೀಲರು ಕೂತಿದ್ದರು.

"ಅಲುಗಾಡಿದ್ರು," ಎಂದರು ಮೇಡಂ.

"ಯಾವ ಮಾತಿಗೆ?"

"ಕೊತ್ತಂಬರಿಗೆ."

"ತೆಗೆದುಹಾಕೋಣ."

ಮುಂದಿನ ದೃಶ್ಯದಲ್ಲಿ ನಿಧಾನಪ್ಪ ಕೆಮ್ಮಿದ. ಡೋಲು ಬಾರಿಸಲು ಬಾರದ ಬೆಟ್ಟದವನ ಪ್ರಸಂಗ ಹೋಯಿತು. ಅದರ ಮುಂದಿನದರಲ್ಲಿ ಕಿವಿ ಕೆರೆದುಕೊಂಡ. ಒಳ್ಳೇ ಸೋದರತ್ತೆಯ ಪಾತ್ರವೊಂದು ಹೋಯಿತು. ಅವನು ಮೊಳೆಯಿಂದ ಬಲಕ್ಕೆ ಸರಿದಾಗ ಏನು ಹೋಯಿತೋ ದೇವರಿಗೇ ಗೊತ್ತು. ಮಗಳು ವರ್ಷಗಟ್ಟಲೆ ಬರೆದು, ಹರಿದು, ಮತ್ತೆ ಬರೆದದ್ದನ್ನು ಹೆತ್ತ ಅಪ್ಪ ಕೂತಲ್ಲಿಂದಲೇ, ತನಗರಿವಿಲ್ಲದೆ, ತನ್ನ ಹಿಂಭಾಗದಿಂದ ತಿದ್ದುತ್ತಿದ್ದ. ವಿಮರ್ಶೆಯ ಇತಿಹಾಸದಲ್ಲಿ ಇಂಥ ಇನ್ನೊಂದು ಪ್ರಸಂಗ ಇರಲಾರದು.

ವಿರಾಮ ಬಂತು. ಮೇಡಂ ಬಂದು ನಿಧಾನಪ್ಪನ ಕುರ್ಚಿಯ ಪಕ್ಕದಲ್ಲಿ ಮಂಡಿಯೂರಿ ಕೂತೇಬಿಟ್ಟರು.

"ಸರ್, ನಿಮಗೆ ನೋವಾಗಿದೆ. ನನಗೆ ಗೊತ್ತು."

ನಿಧಾನಪ್ಪ ದಂಗಾದ. "ಅರೆ! ನಿಮಗೆ ಹೇಗೆ ಗೊತ್ತಾಯ್ತಮ್ಮಾ?"

"ಮುಖದಲ್ಲೇ ಕಾಣುತ್ತೆ ಸರ್. ಎಷ್ಟೊತ್ತಿಂದ?"

"ಇಲ್ಲಿ ಕೂತಾಗಿನಿಂದ. ಇಂಥದ್ದಕ್ಕೆಲ್ಲ ದೂರು ಹೇಳೋದು ಯಾಕೆ, ಎಲ್ಲ ಕಡೆ ಇದ್ದಿದ್ದೇ, ಸ್ವಲ್ಪ ಆಕಡೆ ಈಕಡೆ ಸರ್ಕೊಂಡು ಹೋಗ್ಬೇಕು ಅಂತ ಸುಮ್ಮನಿದ್ದೆ."

ಮೇಡಂ ಕಣ್ಣು ಒದ್ದೆಯಾಯಿತು. "ಎಂಥ ಸಹನೆ! ಕೇಳಿದ್ರಾ?" ಎಂದು ವಕೀಲರತ್ತ ತಿರುಗಿದರು. "ಸರ್ಕೊಂಡು ಹೋಗ್ಬೇಕಂತೆ!" ವಕೀಲರು ತಲೆ ತಗ್ಗಿಸಿ ನಿಂತರು. ಒಂದು ಮೊಳೆಗೆ ಇಷ್ಟು ಮರುಗುವ ದೊಡ್ಡ ಮನುಷ್ಯರೂ ಇದ್ದಾರಲ್ಲ ಎಂದು ನಿಧಾನಪ್ಪನಿಗೆ ಕೈಯೆತ್ತಿ ಮುಗಿಯಬೇಕೆನ್ನಿಸಿತು.

ಅಷ್ಟರಲ್ಲಿ ಥರ್ಮಾಕೋಲ್ ಬಂಡೆಯ ಹಿಂದಿನಿಂದ ಒಂದು ಕೈ ಅವನನ್ನು ಕರೆಯಿತು. ಅವನು ಎದ್ದು ಹೋದ. ಮಗಳು ಅವನ ಕೋಟಿನ ತೋಳು ಹಿಡಿದು ಒಳಗೆಳೆದುಕೊಂಡಳು.

"ಅಪ್ಪಾ! ಯಾಕಪ್ಪಾ ನಗ್ತಿಲ್ಲ?"

"ನಿಮ್ಮಮ್ಮ ಹಲ್ಲು ಕಾಣಿಸಬೇಡಿ ಅಂದಿದ್ದಾಳೆ ಕಣೇ. ಆಮೇಲೆ, ನನಗೆ ಸ್ವಲ್ಪ ಟೈಮ್ ಬೇಕು. ಗುರುವಾರ ಹೊತ್ತಿಗೆ ಎಲ್ಲಾದಕ್ಕೂ ನಗ್ತೀನಿ, ಮಾತು ಕೊಡ್ತೀನಿ."

"ಗುರುವಾರ ಏನೂ ಇರಲ್ಲಪ್ಪಾ! ಹಾಲ್ ಪೂರ್ತಿ ನಿನ್ನ ಮುಖ ನೋಡ್ತಿದೆ. ನೀನು ನಗ್ತಿಲ್ಲ ಅಂತ ಅವರೂ ನಗ್ತಿಲ್ಲ. ನೀನು ಕೆಮ್ಮಿದ್ದಕ್ಕೆ ಒಂದು ದೃಶ್ಯ ತೆಗೆದುಹಾಕಿದ್ರು!"

"ನನ್ನ ಮುಖಾನಾ? ಈ ಮುಖಾನಾ?" ನಿಧಾನಪ್ಪ ಕೆನ್ನೆ ಮುಟ್ಟಿ ನೋಡಿಕೊಂಡ.

"ಇವತ್ತು ಜನ ನಗದಿದ್ರೆ ಮುಗೀತು. ಇನ್ಯಾರೂ ನನಗೆ ಕೊಡಲ್ಲ. ನಮ್ಮ ಕತೆ ನಾವು ಹೇಳಿದ್ರೆ ಯಾರೂ ನೋಡಲ್ಲ ಅಂತ ಬರೆದಿಟ್ಟುಬಿಡ್ತಾರೆ." ನಿಧಾನಪ್ಪನ ಕರುಳು ಚುರ್ ಎಂದಿತು. ನಗುತ್ತೇನೆ, ಸತ್ತರೂ ನಗುತ್ತೇನೆ ಎಂದು ಮಗಳ ತಲೆ ಮುಟ್ಟಿ ಹೇಳಿ ಬಂದು ಕೂತ.

ಬಂದವನು ಕಾಯಲಿಲ್ಲ. ಫ್ಲೋರ್ ಮ್ಯಾನೇಜರ್ ಮೈಕ್ ಹಿಡಿದು, "ದಯವಿಟ್ಟು ಗಮನಿಸಿ, ಬೆಂಕಿ ಹತ್ತಿಕೊಂಡಲ್ಲಿ ಎಡಗಡೆಯ ಬಾಗಿಲಿನಿಂದ ಹೊರಗೆ ಹೋಗಬೇಕು," ಎಂದ. ನಿಧಾನಪ್ಪ ಹಹ್ಹಹ್ಹಾ ಎಂದು ನಕ್ಕ. ಅಷ್ಟೇ! ಅಷ್ಟು ಹೊತ್ತಿನಿಂದ ಹೊಟ್ಟೆಯಲ್ಲಿ ನಗು ಅದುಮಿಕೊಂಡಿದ್ದ ಹಾಲ್ ಕಟ್ಟೆಯೊಡೆದು ಹರಿಯಿತು. ಜನ ಕುರ್ಚಿಯಿಂದ ಜಾರಿದರು. ಜನ್ಮದಲ್ಲಿ ಯಾರನ್ನೂ ನಗಿಸಿರದ ಮ್ಯಾನೇಜರ್ ಕೆಂಪಗಾಗಿ, ಬಲಗಡೆ ಶೌಚಾಲಯ ಇರುವುದನ್ನೂ ಹೇಳಿದ. ಅದಕ್ಕೂ ಚಪ್ಪಾಳೆ ಬಿತ್ತು.

ನಿಧಾನಪ್ಪ ಕಣ್ಣುಬಾಯಿ ಬಿಟ್ಟ. ಪರೀಕ್ಷೆಗೆಂದು ಹುಬ್ಬು ಗಂಟಿಕ್ಕಿದ, ಹಾಲ್ ಸ್ತಬ್ಧವಾಯಿತು. ಮುಗುಳ್ನಕ್ಕ, ಹಾಲ್ ಮುಗುಳ್ನಕ್ಕಿತು. ಕರವಸ್ತ್ರ ತೆಗೆದು ಮೂಗೊರೆಸಿದ, ಸಾಲುಸಾಲಾಗಿ ಕರವಸ್ತ್ರಗಳು ಹೊರಬಂದವು. ದೇವರೇ! ಮನೆಯಲ್ಲಿ ಕಿಟಕಿಯ ಪರದೆ ಯಾವ ಬಣ್ಣದ್ದಿರಲಿ ಎಂದು ಕೂಡ ಯಾರೂ ಕೇಳದ ಮನುಷ್ಯ ಅವನು. ಈಗ ಇಷ್ಟು ಜನ ಅವನ ತುಟಿಯ ಮೇಲೆ ಕಣ್ಣಿಟ್ಟು ಕೂತಿದ್ದಾರೆ. ಅದು ತಲೆಗೇರದೆ ಇದ್ದೀತೇ? ಏರಿತು. ದೃಶ್ಯದ ಆರಂಭದಲ್ಲೇ ನಕ್ಕ, ಬಾಗಿಲು ತೆರೆದರೆ ನಕ್ಕ, ನೀರಿನ ಲೋಟ ಇಟ್ಟರೆ ನಕ್ಕ. ಮಗಳು ನಿಜವಾಗಿ ನಗಿಸುವ ಮಾತು ಹೇಳುವ ಹೊತ್ತಿಗೆ ಸರಿಯಾಗಿ ಸುಸ್ತಾಗಿ ಉಸಿರೆಳೆದುಕೊಂಡ. ಹಾಲ್ ಕೂಡ ಉಸಿರೆಳೆದುಕೊಂಡಿತು.

ವೇದಿಕೆಯ ಮೇಲೆ ಮಗಳ ಮುಖ ಬಾಡಿಹೋಯಿತು.

"ಲೋಟಕ್ಕೆ ನಗ್ತಾರೆ, ಮಾತಿಗೆ ನಗಲ್ಲ," ಎಂದು ಹಿಂದಿನಿಂದ ಮೇಡಂ ದನಿ ಕೇಳಿತು. "ಇದನ್ನ ಟಿವಿಯಲ್ಲಿ ಹೇಗೆ ಹಾಕೋದು? ನಮಗೆ ಬೇಡ ಬಿಡಿ. ಕೊನೇದೊಂದು ದೃಶ್ಯ ಇದೆಯಲ್ಲ, ಅದು ಮುಗಿದ ತಕ್ಷಣ ದೀಪ ಆರಿಸಿ."

ನಿಧಾನಪ್ಪನಿಗೆ ಏರಿದ್ದೆಲ್ಲ ಒಂದೇ ಸಲಕ್ಕೆ ಇಳಿಯಿತು. ನಗದಿದ್ದರೂ ಕೆಡಿಸಿದೆ, ನಕ್ಕೂ ಕೆಡಿಸಿದೆ! ಮಗಳ ಅನ್ನಕ್ಕೆ ನಾನೇ ಕಲ್ಲು ಹಾಕಿದೆನಲ್ಲಪ್ಪಾ ಎಂದು ಅವನಿಗೆ ಅಲ್ಲೇ ನೆಲ ಬಿರಿಯಬಾರದೇ ಅನ್ನಿಸಿತು. ಎರಡೂ ಕೈಯಿಂದ ಕುರ್ಚಿಯ ತೋಳು ಹಿಡಿದು ಕೂತ.

ಕೊನೆಯ ದೃಶ್ಯ. ಹಳೇ ಕಾಲದ ಸಿನಿಮಾ ಚಿತ್ರೀಕರಣ. ಎತ್ತರದ ಸ್ಟೂಲಿನ ಮೇಲೆ ನಿರ್ದೇಶಕ. ಕೆಳಗೆ ಮೈಗೆಲ್ಲ ಬಣ್ಣ ಬಳಿಸಿಕೊಂಡು, ತಲೆಗೆ ಗರಿ ಸಿಕ್ಕಿಸಿಕೊಂಡು, ಸಡಿಲ ಪ್ಯಾಂಟಿನಲ್ಲಿ ನಿಂತ ಬೆಟ್ಟದ ಮುದುಕನಾಗಿ ಮಗಳು.

"ಏಯ್ ಕಾಡುಮನುಷ್ಯ! ಹೀರೋ ಗುಂಡು ಹೊಡೆದ ತಕ್ಷಣ ಸಾಯ್ಬೇಕು!"

"ಆಗಲಿ ಸ್ವಾಮಿ. ಯಾವ ಕಡೆಗೆ ಸಾಯಲಿ?"

ಢಮಾರ್ ಎಂದಿತು. ಮುದುಕ ಎದೆ ಹಿಡಿದುಕೊಂಡ, ತೂರಾಡಿದ, ಬೀಳುವ ಮೊದಲು ಎಡಗೈಯಿಂದ ಪ್ಯಾಂಟನ್ನು ಸೊಂಟಕ್ಕೆ ಏರಿಸಿಕೊಂಡು ಬಿದ್ದ.

"ಸಾಯೋನು ಪ್ಯಾಂಟ್ ಏರಿಸ್ತಾನೇನೋ?"

"ಮನೇಲಿ ಮಕ್ಕಳಿದ್ದಾರೆ ಸ್ವಾಮಿ. ಅವರೂ ಸಿನಿಮಾ ನೋಡ್ತಾರೆ."

ನಿಧಾನಪ್ಪನ ಎದೆ ಝಲ್ಲೆಂದಿತು. ಆ ಎಡಗೈ! ಅದು ಅವನ ಅಪ್ಪನ ಎಡಗೈ. ಅವನು ಸಣ್ಣವನಿದ್ದಾಗ ಸಿನಿಮಾದವರು ಬೆಟ್ಟದ ಬುಡಕ್ಕೆ ಬರುತ್ತಿದ್ದರು, ಗಟ್ಟಿಮುಟ್ಟಾದವರೆಲ್ಲ ಸಾಯುವ ಕೆಲಸಕ್ಕೆ ಹೋಗುತ್ತಿದ್ದರು. ಚೆನ್ನಾಗಿ ಸಾಯುತ್ತಾನೆಂದು ಅಪ್ಪನಿಗೆ ಬಹಳ ಬೇಡಿಕೆ. ಮನೆಯಲ್ಲಿ ಮಂಚದಿಂದ ಬಿದ್ದು ಅಭ್ಯಾಸ ಮಾಡುತ್ತಿದ್ದ, ಮಕ್ಕಳು ಇನ್ನೊಂದು ಸಲ ಸಾಯಪ್ಪಾ ಎಂದು ಕುಣಿಯುತ್ತಿದ್ದರು. ಈ ಹುಡುಗಿ ಹುಟ್ಟುವ ಎಷ್ಟೋ ಮೊದಲೇ ಅವನು ನಿಜವಾಗಿಯೂ ಸತ್ತಿದ್ದ. ಅಜ್ಜನ ಮುಖ ಕೂಡ ಇವಳು ನೋಡಿಲ್ಲ. ಮಲಗಿಸುವಾಗ ನಿಧಾನಪ್ಪ ಅದೂ ಇದೂ ಗೊಣಗುತ್ತ, ಕತೆ ಮುಗಿಯುವ ಮುಂಚೆ ತಾನೇ ಗೊರಕೆ ಹೊಡೆಯುತ್ತಿದ್ದ. ಅಷ್ಟರಲ್ಲೇ ಇವಳು ಇಡೀ ಮನುಷ್ಯನನ್ನು ಎತ್ತಿ ನಿಲ್ಲಿಸಿದ್ದಾಳೆ! ಎಡಕ್ಕೆ ಬಿದ್ದು ಸೊಂಟ ಉಳುಕಿದ ಮೇಲೆ ಅಂಟಿಕೊಂಡ ಆ ಕುಂಟು ನಡಿಗೆ, ಆ ಸ್ವಾಮಿ ಅನ್ನುವ ದನಿ, ಒಂದೂ ಬಿಟ್ಟಿಲ್ಲ. ನಿಧಾನಪ್ಪ ಹಾಲ್ ಮರೆತ, ಕ್ಯಾಮೆರಾ ಮರೆತ, ಮೊಳೆಯನ್ನೂ ಮರೆತ.

"ಜನ ಸಾಲಲ್ಲ! ಹಿಂದಿನಿಂದ ಸುತ್ತಿಬಂದು ಇನ್ನೊಂದು ಸಲ ಸಾಯಿ!"

ಮುದುಕ ಗರಿ ಬದಲಾಯಿಸಿಕೊಂಡು ಕುಂಟುತ್ತ ಓಡಿಬಂದು ಧೊಪ್ಪನೆ ಬಿದ್ದ.

"ಗುಂಡೇ ಹಾರಿಲ್ವಲ್ಲೋ!"

"ಗೊತ್ತು ಸ್ವಾಮಿ. ಹೀರೋ ಸಾಹೇಬ್ರು ಗುರಿ ಹಿಡಿಯೋಷ್ಟರಲ್ಲಿ ಕತ್ತಲಾಗುತ್ತೆ ಅಂತ ನಾನೇ ಸತ್ತೆ."

ಹಾಲ್ ಪರದೆಯತ್ತ ನೋಡಿತು. ಪರದೆಯಲ್ಲಿ ಒಂದು ದೊಡ್ಡ ತೆರೆದ ಬಾಯಿ, ಎರಡು ಒದ್ದೆ ಕಣ್ಣು. ನಗಬೇಕೋ ಅಳಬೇಕೋ ಯಾರಿಗೂ ತಿಳಿಯಲಿಲ್ಲ.

"ಇನ್ನೊಂದು ಸಲ! ಎಡಗಡೆಗೆ ಬೀಳು!" ಎಂದು ನಿರ್ದೇಶಕ ಕಿರುಚಿದ.

ನಿಧಾನಪ್ಪ ಎದ್ದು ನಿಂತು ಕೂಗಿಬಿಟ್ಟ. "ಅಪ್ಪಾ! ಎಡಗಡೆ ಬೇಡ! ನಿನ್ನ ಸೊಂಟ!"

ವೇದಿಕೆಯ ಮೇಲಿನ ಮುದುಕ ಮೆಲ್ಲಗೆ ತಿರುಗಿದ, ಪ್ಯಾಂಟು ಏರಿಸಿಕೊಂಡ, ಮೊದಲ ಸಾಲಿನತ್ತ ಬೆರಳು ತೋರಿಸಿದ.

"ಲೋ! ಸಾಯೋದನ್ನ ನನಗೆ ಹೇಳಿಕೊಡ್ತೀಯೇನೋ? ನೀನು ಹುಟ್ಟೋಕೆ ಮುಂಚಿನಿಂದ ಸಾಯ್ತಾ ಇದ್ದೀನಿ ಕಣೋ!"

ಆಗ ಬಂತು ನೋಡಿ ನಗು! ಎಲ್ಲೂ ನಿಲ್ಲದೆ, ಯಾರನ್ನೂ ಮಾತಾಡಿಸದೆ, ನೇರ ಹೊಟ್ಟೆಯಿಂದ ಎದ್ದು ಬಂತು. ಮೂವತ್ತೆರಡು ಹಲ್ಲೂ ಕಾಣುವಂತೆ, ಕಣ್ಣೀರು ಕೋಟಿನ ಮೇಲೆ ಸುರಿಯುವಂತೆ ನಿಧಾನಪ್ಪ ನಕ್ಕ. ಅದಕ್ಕಿಂತ ದೊಡ್ಡ ವಿಚಿತ್ರವೆಂದರೆ ಈ ಸಲ ಯಾರೂ ಪರದೆ ನೋಡಲಿಲ್ಲ. ಹಾಲ್ ವೇದಿಕೆಯನ್ನೇ ನೋಡುತ್ತ, ತನ್ನಷ್ಟಕ್ಕೆ ತಾನೇ, ಯಾರ ಅಪ್ಪಣೆಯೂ ಇಲ್ಲದೆ ಹೊಟ್ಟೆ ಹಿಡಿದುಕೊಂಡು ನಗುತ್ತಿತ್ತು. ಮೇಡಂ ವಕೀಲರ ಭುಜಕ್ಕೆ ಬಡಿಬಡಿದು ನಗುತ್ತಿದ್ದರು. ವಕೀಲರ ಕನ್ನಡಕ ಎಲ್ಲೋ ಬಿದ್ದಿತ್ತು.

ಮುದುಕ ಬಲಗಡೆಗೆ ಬಿದ್ದ.

"ಏಳೋ! ಇನ್ನೊಂದು ಸಲ!"

"ಸಾಕು ಸ್ವಾಮಿ," ಎಂದ ಮುದುಕ ಬಿದ್ದಲ್ಲಿಂದಲೇ, ಬಹಳ ಮರ್ಯಾದೆಯಿಂದ. "ಬದುಕಿರೋ ಪಾತ್ರ ಏನಾದ್ರೂ ಬಂದ್ರೆ ಹೇಳಿಕಳಿಸಿ. ಬರ್ತೀನಿ."

ನಗು ಗಕ್ಕನೆ ನಿಂತಿತು. ಯಾರೋ ಒಬ್ಬರು ಎದ್ದು ನಿಂತರು. ಆಮೇಲೆ ಸಾಲುಸಾಲಾಗಿ ಎಲ್ಲರೂ ಎದ್ದು ನಿಂತರು. ಆ ಚಪ್ಪಾಳೆಗೆ ಥರ್ಮಾಕೋಲ್ ಬಂಡೆ ಅಲ್ಲಾಡಿತು.

ವಕೀಲರು ಮುಂದೆ ಬಾಗಿ, "ಸರ್, ಸಮುದಾಯಕ್ಕೆ ಇದರಿಂದ ಏನಾದ್ರೂ ಬೇಜಾರು..." ಎಂದು ಶುರುಮಾಡಿದರು.

"ಸಮುದಾಯದ ಬಸ್ಸು ಕೆಟ್ಟು ನಿಂತಿದೆ ಸ್ವಾಮಿ, ಬಂದ ಮೇಲೆ ಅವರನ್ನೇ ಕೇಳಿ," ಎಂದ ನಿಧಾನಪ್ಪ ಮೂಗೊರೆಸಿಕೊಳ್ಳುತ್ತ. "ಅಲ್ಲಿ ಬಿದ್ದಿರೋದು ನಮ್ಮಪ್ಪ. ಅಂದ್ರೆ, ನನ್ನ ಮಗಳು."

ಮೇಡಂ ಅವನನ್ನು ನೋಡಿದರು, ವೇದಿಕೆಯನ್ನು ನೋಡಿದರು, ಮೈಕ್ ಕಸಿದುಕೊಂಡರು. "ತೆಗೆದುಹಾಕಿದ್ದನ್ನೆಲ್ಲ ವಾಪಸ್ ಹಾಕಿ. ಒಂದನ್ನೂ ಬಿಡಬೇಡಿ. ಧಾರಾವಾಹಿ ಬರುತ್ತೆ!"

ಮಗಳು ಇನ್ನೂ ನೆಲದ ಮೇಲೆಯೇ ಇದ್ದಳು. ಮುಖ ಮುಚ್ಚಿಕೊಂಡಿದ್ದಳು, ಬಣ್ಣ ಬಳಿದ ಭುಜ ಅದುರುತ್ತಿತ್ತು. ನಿಧಾನಪ್ಪ ತಂತಿಗಳನ್ನು ದಾಟಿ, ಕ್ಯಾಮೆರಾಗಳ ನಡುವೆ ನುಗ್ಗಿ, ಯಾರ ಮಾತಿಗೂ ನಿಲ್ಲದೆ ವೇದಿಕೆ ಹತ್ತಿ ಅವಳ ಪಕ್ಕ ಬಗ್ಗಿದ.

"ಅಪ್ಪಾ, ಕ್ಯಾಮೆರಾ ಇನ್ನೂ ಓಡ್ತಾ ಇದೆ," ಎಂದು ಅವಳು ಪಿಸುಗುಟ್ಟಿದಳು. "ಆಕಡೆ ಹೋಗು."

"ಓಡಲಿ ಬಿಡು," ಎಂದ ನಿಧಾನಪ್ಪ, ಅವಳ ಕೈ ಹಿಡಿದು ಮೇಲೆತ್ತುತ್ತ. "ನಿಮ್ಮಜ್ಜ ಬೀಳೋದನ್ನ ಎಲ್ಲರೂ ಸಿನಿಮಾದಲ್ಲಿ ತೆಗೆದ್ರು. ಎಬ್ಬಿಸೋದನ್ನ ಒಬ್ಬರೂ ತೆಗೆದಿಲ್ಲ."